ಗುರುತಿಸಲಾಗದ ಹಳದಿ ಪುಡಿ

ತೊಂಬತ್ತೊಂದರಲ್ಲಿ ದೇಶದ ಬಾಗಿಲು ತೆರೆಯಿತು, ಗಾಳಿ ಬೆಳಕು ಒಳಗೆ ಬಂತು, ಅಲ್ಲಿಂದಾಚೆಗೆ ನಾವೆಲ್ಲ ಉದ್ಧಾರವಾದೆವು ಎಂದು ಹೇಳುವವರನ್ನು ಕಂಡರೆ ನನಗೆ ಒಂದು ಸಣ್ಣ ಅನುಮಾನ. ಬಾಗಿಲು ತೆರೆದದ್ದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಅದು ಒಳಕ್ಕೆ ತೆರೆಯುವ ಬಾಗಿಲೋ ಹೊರಕ್ಕೆ ತೆರೆಯುವ ಬಾಗಿಲೋ ಎಂಬುದನ್ನು ಯಾರೂ ಹೇಳುವುದಿಲ್ಲ. ಒಳಕ್ಕೆ ತೆರೆಯುವುದಾಗಿದ್ದರೆ, ಅದರ ಹಿಂದೆಯೇ ನಿಂತು ತನ್ನ ಪಾಡಿಗೆ ತಾನು ಏನೋ ಕೆಲಸ ಮಾಡಿಕೊಂಡಿದ್ದವನ ಮೂಗಿನ ಗತಿ ಏನಾಯಿತು? ಈ ಪ್ರಶ್ನೆಯನ್ನು ನಾನು ಒಮ್ಮೆ ಮದುವೆಯ ಪಂಕ್ತಿಯಲ್ಲಿ, ಪಕ್ಕದಲ್ಲಿ ಕೂತಿದ್ದ ನಿವೃತ್ತ ಬ್ಯಾಂಕ್ ಅಧಿಕಾರಿಯೊಬ್ಬರಿಗೆ ಕೇಳಿದೆ. ಅವರು ಉತ್ತರ ಕೊಡುವ ಬದಲು ಬಡಿಸುವವನನ್ನು ಕರೆದು ನನ್ನ ಎಲೆ ತೋರಿಸಿ, “ಈಕಿಗೆ ಇನ್ನೊಂದು ಹೋಳಿಗಿ ಹಾಕಪಾ” ಎಂದರು. ಬಾಯಿ ಮುಚ್ಚಿಸಲು ಇದಕ್ಕಿಂತ ಸಭ್ಯವಾದ ಉಪಾಯ ನನ್ನ ಚರ್ಚಾಸ್ಪರ್ಧೆಯ ಎದುರಾಳಿಗಳಿಗೂ ಹೊಳೆದಿರಲಿಲ್ಲ.

ಹೌದು, ಚರ್ಚಾಸ್ಪರ್ಧೆ. ಇಲ್ಲಿ ನಾನೊಂದು ತಪ್ಪೊಪ್ಪಿಕೊಳ್ಳಬೇಕು. ಈ ಬಾಗಿಲಿನ ಕಥೆಯನ್ನು ಪುಣೆಯಲ್ಲಿ ನನ್ನಷ್ಟು ಸೊಗಸಾಗಿ ಹೇಳಿದವರು ಆ ಕಾಲದಲ್ಲಿ ಕಡಿಮೆ. ‘ಉದಾರೀಕರಣವು ಸಣ್ಣ ಉದ್ಯಮಗಳಿಗೆ ವರದಾನ’ ಎಂಬ ವಿಷಯಕ್ಕೆ ನನ್ನ ಚೀಟಿಯಲ್ಲಿ ‘ಪರ’ ಎಂದು ಬಂದಿತ್ತು. ‘ವಿರುದ್ಧ’ ಎಂದು ಬಂದಿದ್ದರೆ ಅಷ್ಟೇ ಆವೇಶದಿಂದ ಆ ಕಡೆ ಮಾತಾಡುತ್ತಿದ್ದೆ. ವಾದಪಟುವಿಗೆ ಅಭಿಪ್ರಾಯವೆಂದರೆ ನಾಟಕದ ಕಂಪನಿಯ ಕಿರೀಟ ಇದ್ದಂತೆ. ಪಾತ್ರ ಮುಗಿದ ಮೇಲೆ ಪೆಟ್ಟಿಗೆಗೆ ಹಾಕಬೇಕು. ನನ್ನ ದುರದೃಷ್ಟಕ್ಕೆ ಸ್ಪರ್ಧೆ ಗುರುವಾರ ಬಿತ್ತು. ಪುಣೆಯ ಕಾರ್ಖಾನೆಗಳಿಗೆ ಕರೆಂಟಿನ ಹಂಚಿಕೆಗಾಗಿ ವಾರದ ರಜೆ ಗುರುವಾರ. ಹಾಗಾಗಿ ನನ್ನ ಕಾಕಾ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಂದು ಮುಂದಿನ ಸಾಲಿನಲ್ಲೇ ಕೂತರು.

ಕಾಕಾ ಅಂದರೆ ಮಲ್ಲಪ್ಪ ಕಾಕಾ, ನನ್ನ ಅಪ್ಪನ ತಮ್ಮ. ಬಾಗಲಕೋಟೆ ಕಡೆಯಿಂದ ಪುಣೆಗೆ ಬಂದು, ಒಂದು ರಬ್ಬರ್ ಕಾರ್ಖಾನೆಯಲ್ಲಿ ಕಾರಕೂನರಾಗಿದ್ದು, ಆಮೇಲೆ ಕಾತ್ರಜದ ಆಚೆ ಹೆದ್ದಾರಿಯಿಂದ ಒಳಗೆ ತಗಡಿನ ಶೆಡ್ ಹಾಕಿ ಸ್ವಂತದ್ದು ಶುರು ಮಾಡಿದವರು. ಎರಡು ಪ್ರೆಸ್ ಮಷಿನ್ನು. ಅವುಗಳಲ್ಲಿ ಸ್ಕೂಟರಿಗೆ ಬೇಕಾದ ರಬ್ಬರ್ ವಾಶರು, ಮಿಕ್ಸರ್ ರಿಪೇರಿ ಅಂಗಡಿಗಳಿಗೆ ಬೇಕಾದ ರಬ್ಬರ್ ರಿಂಗು. ಕೆಲಸಕ್ಕೆ ಯಾದಗಿರಿ ಕಡೆಯ ಶರಣಪ್ಪ. ಕಾಲೇಜಿಗೆಂದು ಬಂದ ನಾನು ಕೋಥರೂಡದ ಕಾಕಾನ ಮನೆಯಲ್ಲೇ ಉಳಿದಿದ್ದೆ. ಆ ಮನೆಯಲ್ಲಿ ಭಾನುವಾರ ನನಗೆ ರಜೆ, ಗುರುವಾರ ಕಾಕಾನಿಗೆ ರಜೆ. ಕಾಕುಗೆ, ಅಂದರೆ ಚಿಕ್ಕಮ್ಮನಿಗೆ, ಎರಡೂ ದಿನ ವಿಶೇಷ ಅಡುಗೆ, ಯಾವ ದಿನವೂ ರಜೆಯಿಲ್ಲ.

ಸ್ಪರ್ಧೆ ಮುಗಿದು ಬಸ್ಸಿನಲ್ಲಿ ಬರುವಾಗ ನಾನು ಗೆದ್ದ ಬಹುಮಾನದ ಢಾಲು ಕಾಕಾನ ತೊಡೆಯ ಮೇಲಿತ್ತು. ನನ್ನ ಇಂಗ್ಲಿಷ್ ಭಾಷಣದಲ್ಲಿ ಅವರಿಗೆ ಪೂರ್ತಿ ಅರ್ಥವಾದದ್ದು ಚಪ್ಪಾಳೆ ಮಾತ್ರ. ಆದರೂ ವಿಚಾರ ಮಾಡುತ್ತಾ ಕೂತಿದ್ದರು. ಸ್ವಾರಗೇಟ್ ದಾಟಿದ ಮೇಲೆ ಕೇಳಿದರು: “ಅಂದ್ರ ವಕೀಲಬಾಯಿ, ಹೊರಗಿನ ಕಂಪನಿ ಬಂದ್ರ ನಮ್ಮಂಥಾವ್ರಿಗೆ ಛಲೋನ ಆಗ್ತದ ಅಂತೀ?”

“ಹೌದ್ರಿ ಕಾಕಾ.”

“ಖರೇನ?”

ಢಾಲು ಇನ್ನೂ ಬಿಸಿಯಾಗಿತ್ತು. “ಖರೇನ್ರಿ” ಅಂದುಬಿಟ್ಟೆ.

ಆಗ ಸ್ಕೂಟರಿನ ಕಾಲ ಮುಗಿಯುತ್ತ ಬಂದಿತ್ತು. ಜನ ಬೈಕಿನ ಕಡೆ ಹೊರಟಿದ್ದರು, ವಾಶರಿನ ಆರ್ಡರು ತಿಂಗಳಿಂದ ತಿಂಗಳಿಗೆ ಬಡಕಲಾಗುತ್ತಿತ್ತು. ಅದೇ ಹೊತ್ತಿಗೆ ಹೊರದೇಶದ ಒಂದು ಕಾರಿನ ಕಂಪನಿ ಊರ ಹೊರಗೆ ಕಾರ್ಖಾನೆ ಹಾಕಿ, ಸಣ್ಣಪುಟ್ಟ ರಬ್ಬರ್ ಭಾಗಗಳಿಗೆ ಸ್ಯಾಂಪಲ್ ಕಳಿಸಿ ಎಂದು ಹತ್ತಾರು ಶೆಡ್ಡುಗಳಿಗೆ ಪತ್ರ ಬರೆದಿತ್ತು. ಕಾಕಾನಿಗೂ ಒಂದು ಬಂತು. ಸ್ಯಾಂಪಲ್ ಪಾಸಾದರೆ ಎರಡೂ ಪ್ರೆಸ್ಸಿಗೆ ವರ್ಷಪೂರ್ತಿ ಕೆಲಸ. ಇಲ್ಲದಿದ್ದರೆ ಶೆಡ್ಡನ್ನು ಎಷ್ಟು ದಿನ ನಡೆಸಬಹುದು ಎಂಬುದು ಕಾಕಾನಿಗೂ ಶರಣಪ್ಪನಿಗೂ ಗೊತ್ತಿತ್ತು, ಇಬ್ಬರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. ಮಿಕ್ಸರಿನ ರಿಂಗು ಮಾಡುತ್ತಾ ಕೂತರೆ ಸ್ಯಾಂಪಲ್ಲಿಗೆ ಮಷಿನ್ನು ಸಿಗುವುದಿಲ್ಲವೆಂದು ಕಾಕಾ ಅಂಗಡಿ ಅಂಗಡಿಗೆ ತಾವೇ ಹೋಗಿ, “ಒಂದ್ ಆರು ತಿಂಗಳ ನಮ್ಮನ್ನ ಮರತಬಿಡ್ರಿ” ಎಂದು ಕೈಮುಗಿದು ಬಂದರು. ಅಂಗಡಿಯವರು ಒಳ್ಳೆಯ ಜನ, ಹೇಳಿದಂತೆಯೇ ಮಾಡಿದರು.

ಈಗ ಹಳದಿ ಪುಡಿಯ ವಿಷಯ. ನಮ್ಮ ಮನೆದೇವರು ಮೈಲಾರಲಿಂಗ. ಪುಣೆಗೆ ಬಂದ ಮೇಲೆ ಹತ್ತಿರವಾಯಿತೆಂದು ಜೇಜುರಿಯ ಖಂಡೋಬಾನಲ್ಲಿಯೇ ಅವನನ್ನು ಕಾಣುತ್ತೇವೆ. ಜೇಜುರಿಯಲ್ಲಿ ಭಂಡಾರವನ್ನು, ಅಂದರೆ ಅರಿಶಿನದ ಪುಡಿಯನ್ನು, ಯಾರೂ ಚಿಟಿಕೆಯಲ್ಲಿ ಅಳೆಯುವುದಿಲ್ಲ. ಮುಷ್ಟಿ ಮುಷ್ಟಿ ತೂರುತ್ತಾರೆ, ಮೆಟ್ಟಿಲು, ಗೋಡೆ, ಮನುಷ್ಯ ಎಲ್ಲ ಒಂದೇ ಬಣ್ಣ. ಹೊಸ ಅಚ್ಚಿನ ಮೊದಲ ಮಾಲು ಹೊರಡುವಾಗ ಆ ಭಂಡಾರವನ್ನು ಡಬ್ಬಿಗಳಿಗೆ ಒಂದೊಂದು ಚಿಟಿಕೆ ಹಾಕುವುದು ಕಾಕಾನ ಪದ್ಧತಿ. ಸ್ಕೂಟರ್ ಕಂಪನಿಯ ಸ್ಟೋರಿನವರು ಅದನ್ನು ಹಣೆಗೆ ಹಚ್ಚಿಕೊಂಡು ಮಾಲು ಇಳಿಸಿಕೊಳ್ಳುತ್ತಿದ್ದರು. ಕಾರಿನ ಕಂಪನಿಯ ಸ್ಯಾಂಪಲ್ಲಿಗೂ ಕಾಕಾ ಚಿಟಿಕೆ ಹಾಕಿ ಊಟಕ್ಕೆ ಕೂತರು.

ವಾರದ ಮೇಲೆ ಮಾಲು ತಿರುಗಿ ಬಂತು. ಜೊತೆಗೆ ಒಂದು ಪತ್ರ: ಅಳತೆ ಸರಿಯಿದೆ, ಗಡಸುತನ ಸರಿಯಿದೆ, ಆದರೆ ಡಬ್ಬಿಗಳಲ್ಲಿ ‘ಗುರುತಿಸಲಾಗದ ಹಳದಿ ಪುಡಿ’ ಕಂಡುಬಂದಿದೆ. ಆದ್ದರಿಂದ ತಿರಸ್ಕರಿಸಲಾಗಿದೆ. ಎರಡನೆಯ ಅವಕಾಶ ಬೇಕಾದರೆ ಲಗತ್ತಿಸಿದ ನಮೂನೆ ತುಂಬಿ ಕಳಿಸಬೇಕು. ನಮೂನೆಯಲ್ಲಿ ‘ಯಾಕೆ?’ ಎಂದು ಒಂದರ ಕೆಳಗೊಂದು ಐದು ಸಲ ಅಚ್ಚು ಹಾಕಿತ್ತು. ಮೊದಲ ಯಾಕೆಗೆ ಉತ್ತರ ಬರೆದು, ಆ ಉತ್ತರಕ್ಕೆ ಮತ್ತೆ ಯಾಕೆ ಎಂದು ಕೇಳಿಕೊಂಡು, ಹಾಗೆಯೇ ಐದನೆಯದಕ್ಕೆ ಹೋಗುವಷ್ಟರಲ್ಲಿ ತಪ್ಪಿನ ಬೇರು ಸಿಗುತ್ತದಂತೆ. ಇಂಗ್ಲಿಷಿನಲ್ಲಿ ತುಂಬಬೇಕಾದ್ದರಿಂದ ಲೇಖನಿ ನನ್ನ ಕೈಗೆ ಬಂತು. ನಾನು ನ್ಯಾಯಾಧೀಶೆಯ ಗತ್ತಿನಲ್ಲಿ ಶೆಡ್ಡಿನ ಸ್ಟೂಲಿನ ಮೇಲೆ ಕೂತೆ.

“ಡಬ್ಬ್ಯಾಗ ಪುಡಿ ಯಾಕ ಬಂತು?”

“ನಾನೇ ಹಾಕೀನ್ರಿ ಅಕ್ಕಾರ” ಎಂದ ಶರಣಪ್ಪ. “ಸಾವ್ಕಾರ್ರು ಊಟಕ್ ಹ್ವಾದ್ಮ್ಯಾಲ ಡಬ್ಬಿ ತಗದ್ ನೋಡ್ದೆ, ಬರೇ ಒಂದ್ ಚಿಟಿಕಿ ಅದ.”

“ಯಾಕ ಹಾಕ್ದಿ?”

“ಇಷ್ಟ್ ದೊಡ್ಡ ಕಂಪನಿಗೆ ಚಿಟಿಕಿ ಸಾಕಾಗ್ತದೇನ್ರಿ? ದೇವ್ರ ಮುಂದ ಜಿಪುಣತನ ಮಾಡಬಾರ್ದು. ಡಬ್ಬಿಗೊಂದ್ ಮುಷ್ಟಿ ಹಾಕ್ದೆ.”

ಮೂರನೆಯ ಯಾಕೆ ಕಾಕಾನದು. ಚಿಟಿಕೆಯಾದರೂ ಯಾಕೆ? “ನಮ್ಮಪ್ಪ ಅಡತಿ ಅಂಗಡ್ಯಾಗ ಮೊದಲನೇ ಚೀಲಕ್ಕ ಹಾಕ್ತಿದ್ದ.” ಅವರು ಯಾಕೆ ಹಾಕುತ್ತಿದ್ದರು? “ದೇವ್ರು ಕಾಯ್ತಾನಂತ.” ಐದನೆಯ ಯಾಕೆ ಉಳಿಯಿತು. ನಾನು ಚರ್ಚಾಸ್ಪರ್ಧೆಯ ಧಾಟಿಯಲ್ಲಿ, “ವ್ಯಾಪಾರಾನ ದೇವ್ರ ಯಾಕ ಕಾಯಬೇಕ್ರಿ ಕಾಕಾ?” ಎಂದೆ.

ಕಾಕಾ ಅಚ್ಚಿನಿಂದ ಒಂದು ವಾಶರು ಬಿಡಿಸಿ, ಅದರ ಅಂಚಿನ ಹೆಚ್ಚುವರಿ ರಬ್ಬರನ್ನು ಕತ್ತರಿಯಲ್ಲಿ ಸುತ್ತ ಕತ್ತರಿಸಿದರು. “ಮತ್ತ್ಯಾರು ಕಾಯ್ತಾರವಾ? ಕರೆಂಟ್ ಹೋದ್ರ ಯಾರನ್ನ ಕೇಳ್ಲಿ? ಆರ್ಡರ್ ಹೋದ್ರ ಯಾರನ್ನ ಕೇಳ್ಲಿ? ಸಾಹೇಬ ಬದಲಾದ್ರ ಮಾಡಿದ ಕೆಲಸಾನೂ ಹೋಗ್ತದ. ಇಂವ ಒಬ್ಬಾಂವ ಅಲ್ಲೇ ಜೇಜುರಿ ಗುಡ್ಡದ ಮ್ಯಾಲ ಅದಾನ, ಬದಲಾಗಂಗಿಲ್ಲ.”

ದೇಶದ ಖಾಸಗಿ ಉದ್ಯಮದ ಸ್ಥಿತಿಗತಿಯ ಬಗ್ಗೆ ಇಷ್ಟು ಚುಟುಕಾದ ವಿವರಣೆಯನ್ನು ನಾನು ಅರ್ಥಶಾಸ್ತ್ರದ ತರಗತಿಯಲ್ಲಿಯೂ ಕೇಳಿರಲಿಲ್ಲ. ಬರೆಯಬೇಕಾದದ್ದು ಅದನ್ನೇ. ಆದರೆ ನಮೂನೆಯ ಜಾಗ ಎರಡು ಗೆರೆ. ನಾನು ‘ಕೆಲಸಗಾರನಿಗೆ ತರಬೇತಿಯ ಕೊರತೆ’ ಎಂದು ಬರೆದೆ. ಶರಣಪ್ಪ ಇಣುಕಿ, “ಏನಂತ ಬರದ್ರಿ ಅಕ್ಕಾರ?” ಎಂದ. ನಿನಗೆ ಟ್ರೇನಿಂಗ್ ಕೊಡಬೇಕಂತ ಬರೆದೆ ಎಂದೆ. ಅವನ ಮುಖ ಅರಳಿತು. “ಹೌದೇನ್ರಿ? ಎಲ್ಲಿ ಕೊಡ್ತಾರ? ನಮ್ ಮನ್ಯಾಕಿಗೆ ಹೇಳ್ಬೇಕು” ಎಂದ. ವಾದದಲ್ಲಿ ತಪ್ಪನ್ನು ಬಡಪಾಯಿಯ ತಲೆಗೆ ಕಟ್ಟುವುದು ಸುಲಭ ಎಂದು ಗೊತ್ತಿತ್ತು. ಆ ಬಡಪಾಯಿ ನನಗೇ ಉಪಕಾರ ಸ್ಮರಿಸುತ್ತಾನೆಂದು ಗೊತ್ತಿರಲಿಲ್ಲ.

ನಮೂನೆ ಕೆಲಸ ಮಾಡಿತು. ಎರಡನೆಯ ಸ್ಯಾಂಪಲ್ಲಿಗೆ ಮುಂಚೆ ಶೆಡ್ ನೋಡಲು ಕಂಪನಿಯ ಕ್ವಾಲಿಟಿ ಸಾಹೇಬರು ಬಂದರು. ಮರಾಠಿ ಮಾತಾಡುವ, ನಡುವಯಸ್ಸಿನ, ಸೌಮ್ಯ ಮನುಷ್ಯ. ಪ್ರೆಸ್ಸಿನ ಮೇಲಿದ್ದ ಖಂಡೋಬಾನ ಪಟ ಕಂಡದ್ದೇ ಅವರ ಕೈ ತಾನಾಗಿ ಭಂಡಾರದ ಬಟ್ಟಲಿಗೆ ಹೋಗಿ ಹಣೆಗೆ ಬಂತು. ಆಮೇಲೆ ನೆನಪಾಗಿ, ಕರವಸ್ತ್ರದಲ್ಲಿ ಬೆರಳು ಒರೆಸಿಕೊಂಡು, ಫೈಲಿನಲ್ಲಿ ‘ಸ್ವಚ್ಛತೆ: ಸುಧಾರಿಸಬೇಕು’ ಎಂದು ಬರೆದುಕೊಂಡರು. ಇಷ್ಟಕ್ಕೆ ನಾನು ಸುಮ್ಮನಿರಬೇಕಿತ್ತು. ಕಾಕಾ ಕಣ್ಣಲ್ಲೇ ಬೇಡ ಎಂದರು. ಆದರೆ ನನ್ನ ಒಳಗಿನ ಚರ್ಚಾಸ್ಪರ್ಧೆಯ ಗಂಟೆ ಆಗಲೇ ಬಾರಿಸಿಯಾಗಿತ್ತು. “ವಾಶರುಗಳು ಒಂದಕ್ಕೊಂದು ಅಂಟದಿರಲೆಂದು ಬಿಳಿ ಪುಡಿ ಹಾಕಲು ನಿಮ್ಮ ಕಂಪನಿ ಕೊಟ್ಟ ಅಳತೆಯ ನಕ್ಷೆಯಲ್ಲಿಯೇ ಒಪ್ಪಿಗೆ ಇದೆ. ಪುಡಿ ಬಿಳಿಯಾದರೆ ವಿಜ್ಞಾನ, ಹಳದಿಯಾದರೆ ಕೊಳೆಯೇ?” ಎಂದು ಮರಾಠಿಯಲ್ಲಿ ಕೇಳಿದೆ. ಸಾಹೇಬರು ನಕ್ಕರು. ಅಷ್ಟರಲ್ಲಿ ಕರೆಂಟ್ ಹೋಯಿತು. ಜನರೇಟರ್ ಇಲ್ಲವೇ ಎಂದು ಅವರು ಕೇಳಿದರು. ನಾನು ಬಿಡಲಿಲ್ಲ: “ಕರೆಂಟ್ ಹೋದದ್ದು ನಮ್ಮ ಕೊರತೆಯೋ ಸರಕಾರದ್ದೋ? ಆ ಫೈಲಿನಲ್ಲಿ ಸರಕಾರಕ್ಕೆ ಅಂಕ ಹಾಕುವ ಹಾಳೆ ಯಾವುದು?” ಸಾಹೇಬರು ತಲೆದೂಗಿ, “ಬರೋಬರ್ ಆಹೇ ತಾಈ” ಅಂದರು. ನನ್ನ ಮಾತು ಸರಿ ಎಂದು ಒಪ್ಪಿಕೊಂಡರು! ಒಪ್ಪಿಕೊಂಡು, ‘ಜನರೇಟರ್: ಇಲ್ಲ’ ಎಂದು ಬರೆದುಕೊಂಡರು.

ಅವರ ಜೀಪು ಹೆದ್ದಾರಿ ಸೇರಿದ ಮೇಲೆ ಕಾಕಾ, “ಗೆದ್ದಿ ಬಿಡವಾ ವಕೀಲಬಾಯಿ” ಎಂದರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ನಾನು ಉತ್ತರ ಕೊಡುತ್ತಿದ್ದೆ.

ಎರಡನೆಯ ಸ್ಯಾಂಪಲ್ಲು ಚಿಟಿಕೆಯೂ ಇಲ್ಲದೆ, ತೊಳೆದ ಬಟ್ಟಲಿನಂತೆ ಹೋಯಿತು. ಪಾಸಾಯಿತು. ಹಾಗೆಂದು ಪತ್ರದ ಮೊದಲ ಸಾಲಿನಲ್ಲೇ ಇತ್ತು. ಎರಡನೆಯ ಸಾಲಿನಲ್ಲಿ, ಇನ್ನು ಮುಂದೆ ಎಲ್ಲ ರಬ್ಬರ್ ಭಾಗಗಳನ್ನೂ ಒಬ್ಬರೇ ದೊಡ್ಡ ಪೂರೈಕೆದಾರರಿಂದ ಪಡೆಯಲು ಕಂಪನಿ ನಿರ್ಧರಿಸಿದೆ, ನಿಮ್ಮ ಸಹಕಾರಕ್ಕೆ ವಂದನೆಗಳು ಎಂದಿತ್ತು. ನನ್ನ ನಾಲಿಗೆಯಿಂದ ಆರ್ಡರು ತಪ್ಪಿತೋ, ಜನರೇಟರಿನಿಂದಲೋ, ಇವೆರಡಕ್ಕೂ ಮೊದಲೇ ಎಲ್ಲೋ ತೀರ್ಮಾನವಾಗಿತ್ತೋ, ನನಗೆ ಇವತ್ತಿಗೂ ಗೊತ್ತಿಲ್ಲ. ಮೂರನೆಯದೇ ನಿಜವಾಗಿರಲಿ ಎಂದು ಆಸೆಪಡುವಷ್ಟು ಸ್ವಾರ್ಥ ನನಗಿದೆ. ಕಾಕಾ ಮಿಕ್ಸರ್ ಅಂಗಡಿಗಳಿಗೆ ಹೋದರು. ಅವರೆಲ್ಲ ಚಹಾ ಕೊಟ್ಟರು. ರಿಂಗುಗಳನ್ನು ಆಗಲೇ ಬೇರೆಯವರಿಂದ ತರಿಸುತ್ತಿದ್ದರು. ದೀಪಾವಳಿಗೆ ಮುಂಚೆ ಒಂದು ಪ್ರೆಸ್ ಮಾರಿಹೋಯಿತು, ಯುಗಾದಿಗೆ ಮುಂಚೆ ಇನ್ನೊಂದು. ಶರಣಪ್ಪ ಕೋಥರೂಡದಲ್ಲಿ ಏಳುತ್ತಿದ್ದ ಹೊಸ ಸೊಸೈಟಿಯೊಂದರ ಕಟ್ಟಡದ ಕೆಲಸಕ್ಕೆ ಹೋದ. ದಾರಿಯಲ್ಲಿ ಸಿಕ್ಕಾಗ ತಲೆಯ ಮೇಲಿನ ಸಿಮೆಂಟಿನ ಬುಟ್ಟಿಯನ್ನು ಒಂದು ಕೈಯಲ್ಲಿ ಹಿಡಿದು, “ಆ ಟ್ರೇನಿಂಗಿಂದು ಏನಾತ್ರಿ ಅಕ್ಕಾರ?” ಎಂದು ಕೇಳಿದ. ಎರಡೂ ಪಕ್ಷದ ಪರವಾಗಿ ಮಾತಾಡಬಲ್ಲ ನಾನು ಬಸ್ಸು ಬಂತೆಂದು ಓಡಿದೆ. ಅದು ನನ್ನ ಬಸ್ಸಾಗಿರಲಿಲ್ಲ.

ಡಿಗ್ರಿ ಮುಗಿದ ಮೇಲೆ ನನಗೆ ಸಿಕ್ಕ ಮೊದಲ ಕೆಲಸ ಸಮೀಕ್ಷೆಯದು. ದೊಡ್ಡ ಊರಿನ ಯಾವುದೋ ಸಂಸ್ಥೆಗೆ ಪುಣೆಯ ಸಣ್ಣ ಉದ್ಯಮಗಳಲ್ಲಿ ‘ಬಂಡವಾಳ ಹೂಡಿಕೆಯ ವಾತಾವರಣ’ ಹೇಗಿದೆ ಎಂದು ತಿಳಿಯಬೇಕಿತ್ತು. ಹವಾಮಾನ ಇಲಾಖೆಯವರಾದರೂ ಮಳೆ ಅಳೆಯಲು ಹೊರಗೆ ಒಂದು ಪಾತ್ರೆ ಇಡುತ್ತಾರೆ. ನಮಗೆ ಕೊಟ್ಟದ್ದು ಪ್ರಶ್ನೆಗಳ ಪಟ್ಟಿ ಮತ್ತು ನೋಂದಾಯಿತ ಘಟಕಗಳ ಪಟ್ಟಿ. ನನ್ನ ಪಾಲಿನ ಹೆಸರುಗಳಲ್ಲಿ ಕಾಕಾನ ಶೆಡ್ ಇತ್ತು. ಸರಕಾರದ ದಾಖಲೆಯಲ್ಲಿ ಅದು ಇನ್ನೂ ನಡೆಯುತ್ತಿತ್ತು. ಮುಚ್ಚಿದೆ ಎಂದು ಬರೆಯಲೇ ಎಂದು ಮೇಲ್ವಿಚಾರಕರನ್ನು ಕೇಳಿದೆ. ಮಾಲೀಕರು ಸಿಕ್ಕರೆ ಎಲ್ಲ ಪ್ರಶ್ನೆಗಳನ್ನೂ ಕೇಳಲೇಬೇಕು, ಒಂದನ್ನೂ ಬಿಡುವಂತಿಲ್ಲ ಎಂದರು. ಮಾಲೀಕರು ಬೆಳಿಗ್ಗೆ ನನ್ನ ಎದುರೇ ಅವಲಕ್ಕಿ ತಿಂದು, ರೂಢಿಯಂತೆ ಕಾತ್ರಜದ ಬಸ್ಸು ಹತ್ತಿದ್ದರು. ಮಷಿನ್ನಿಲ್ಲದ ಶೆಡ್ಡಿಗೂ ಕಾಕಾ ದಿನಾ ಹೋಗುತ್ತಿದ್ದರು, ಗುರುವಾರ ಮಾತ್ರ ರಜೆ.

ನಾನು ಹೋದಾಗ ಅವರು ಬಾಗಿಲಲ್ಲಿ ಪೇಪರ್ ಓದುತ್ತಿದ್ದರು. ಒಳಗೆ ಯಾರದೋ ಟೈಲ್ಸಿನ ಪೆಟ್ಟಿಗೆಗಳನ್ನು ಪೇರಿಸಿತ್ತು. ನನ್ನ ಕೊರಳಿನ ಗುರುತಿನ ಚೀಟಿ ನೋಡಿ ಎದ್ದು ನಿಂತು, “ಬರ್ರಿ ಮೇಡಂ, ಕುಂದರ್ರಿ” ಎಂದರು. ಚೇಷ್ಟೆಯೋ ಮರ್ಯಾದೆಯೋ ತಿಳಿಯಲಿಲ್ಲ.

“ಕರೆಂಟಿಂದ ನಿಮ್ಮ ಉದ್ಯಮಕ್ಕ ತೊಂದರಿ ಅದ ಏನ್ರಿ?”

“ಈಗೇನೂ ಇಲ್ಲವಾ. ಒಂದ್ ಬಲ್ಬ್ ಅದ, ಛಂದ ಉರೀತದ.”

“ಕೆಲಸಗಾರರಿಂದ?”

“ಯಾರೂ ಇಲ್ಲಲ್ಲ. ಭಾಳ ಶಾಂತ.”

“ಇನ್ಸ್‌ಪೆಕ್ಟರು?”

“ಬರೂದ ಬಿಟ್ಟಾರ ಪಾಪ.”

“ಕಚ್ಚಾ ಮಾಲು ಸಿಗೂದು? ಸಾಲ? ತೆರಿಗಿ?”

“ಏನೂ ತ್ರಾಸಿಲ್ಲ ಅಂತ ಬರಕೋ.”

ಬರೆದುಕೊಂಡೆ. ನನ್ನ ಚೀಲದಲ್ಲಿದ್ದ ಅಷ್ಟೂ ನಮೂನೆಗಳಲ್ಲಿ ಯಾವ ಅಡಚಣೆಯೂ ಇಲ್ಲದ, ಅತ್ಯುತ್ತಮ ವಾತಾವರಣದ ಘಟಕ ಇದೊಂದೇ. ಎಲ್ಲ ಚೌಕಗಳೂ ಒಂದೇ ಕಡೆ ಟಿಕ್ಕಾಗಿ ನೋಡಲು ಅಚ್ಚುಕಟ್ಟಾಗಿತ್ತು. ಕೊನೆಯ ಪ್ರಶ್ನೆಯನ್ನು ನಾನೇ ತುಂಬಿಬಿಡಬಹುದಿತ್ತು, ಯಾರಿಗೂ ತಿಳಿಯುತ್ತಿರಲಿಲ್ಲ. ಆದರೆ ಅಷ್ಟು ವರ್ಷ ಬರೀ ಉತ್ತರ ಕೊಟ್ಟೇ ಅನಾಹುತ ಮಾಡಿದವಳು ನಾನು. ಒಂದು ಸಲವಾದರೂ ಕೇಳಬೇಕು ಅನ್ನಿಸಿತು. ಕಾಕಾ ಪೇಪರನ್ನು ನಾಲ್ಕು ಮಡಿಕೆ ಮಾಡಿ ಕಂಕುಳಲ್ಲಿ ಇಟ್ಟುಕೊಂಡು, ಮುಂದಿನದ್ದಕ್ಕೆ ಸಿದ್ಧರಾಗಿ ನನ್ನ ಮುಖವನ್ನೇ ನೋಡುತ್ತಿದ್ದರು. ನಾನು ಹಾಳೆಯನ್ನೇ ನೋಡಿಕೊಂಡು ಓದಿದೆ:

“ಮುಂದಿನ ಎರಡು ವರ್ಷದಾಗ ನಿಮ್ಮ ಉದ್ಯಮ ದೊಡ್ಡದು ಮಾಡೂ ವಿಚಾರ ಅದ ಏನ್ರಿ ಕಾಕಾ?”