ಇಂಟರ್ವೆಲ್ಲಿಗೆ ಹೋಗುವವರು

ಸತ್ಯಕಥೆ ಬರೆಯುವುದರಲ್ಲಿ ಒಂದು ತೊಂದರೆಯಿದೆ. ಕಥೆಯಲ್ಲಿರುವವರು ಬದುಕಿರುತ್ತಾರೆ, ಸಾಲದ್ದಕ್ಕೆ ನೆಂಟರೂ ಆಗಿರುತ್ತಾರೆ. ನಾನು ಕಾರವಾರದಲ್ಲಿ ಕುಳಿತು ಸಿನೆಮಾಕ್ಕೆ ಚಿತ್ರಕಥೆ ಬರೆಯುವವನು. ಹಾಗೆಂದರೆ ನಮ್ಮ ಓಣಿಯಲ್ಲಿ ಇನ್ನೂ ಕೆಲಸ ಹುಡುಕುತ್ತಿದ್ದಾನೆ ಎಂದೇ ಅರ್ಥ. ಈ ಸಲ ಬೆಳಂಬಾರದ ನನ್ನ ಸೋದರಮಾವ ಬೊಮ್ಮಯ್ಯನ ಕಥೆ ಹಿಡಿದಿದ್ದೆ. ಶೇಂಗಾ ಕಿತ್ತ ಗದ್ದೆಯಲ್ಲಿ ಗೆರೆ ಎಳೆದು, ಮಗಳು ಸುಮಿತ್ರಾಗೆ ಕಬಡ್ಡಿ ಕಲಿಸಿ, ರಾಜ್ಯಮಟ್ಟದ ಫೈನಲ್ಲಿನವರೆಗೆ ಒಯ್ದು ಗೆಲ್ಲಿಸಿದ ಮನುಷ್ಯ. ನಿರ್ಮಾಪಕರಿಗೆ ಎಲ್ಲ ಹಿಡಿಸಿತು. “ಆದರೆ ಇಂಟರ್ವೆಲ್ಲಿಗೆ ಅಪ್ಪ ಸಾಯಲಿ, ಜನ ಅಳಬೇಕು” ಎಂದರು. ಸಾಯಿಸುವುದೇನು, ಒಂದು ಸಾಲಿನ ಕೆಲಸ. ಆದರೆ ಮಾವ ಒಪ್ಪದಿದ್ದರೆ ಸಿನೆಮಾವೇ ಇಲ್ಲ.

ಬೆಳಂಬಾರಕ್ಕೆ ಹೋದೆ. ಜಗಲಿಯಲ್ಲಿ ಚಾ ಬಂತು, ಕಥೆ ಓದಿದೆ. ಸಾಯುವ ಜಾಗ ಬಂದಾಗ ಓದು ನಿಲ್ಲಿಸಿದೆ. ಎದುರಿಗೇ ಕುಳಿತು ಬಿಸ್ಕೀಟು ಅದ್ದುತ್ತಿರುವವನಿಗೆ ಹೇಗೆ ಹೇಳುವುದು! “ಇಂಟರ್ವೆಲ್ಲಿಗೆ ನೀ... ಹೋಗ್ತೆ ಮಾವ” ಎಂದೆ. ನಮ್ಮ ಕಡೆ ಹೊರಡುವವರು ‘ಬತ್ತೆ’ ಎನ್ನುತ್ತಾರೆಯೇ ಹೊರತು ‘ಹೋಗ್ತೆ’ ಎನ್ನುವುದಿಲ್ಲ; ‘ಹೋಗುವುದು’ ಸತ್ತವರು ಮಾತ್ರ. ಅರ್ಥವಾದೀತು ಅಂದುಕೊಂಡೆ.

ಮಾವನ ಮುಖ ಸಣ್ಣಗಾಯಿತು. “ಅದ್ನೂ ಬರ್ದ್ಯಾ ತಮಾ? ಫೈನಲ್ ದಿವ್ಸ ನಾ ಚಾ ಕುಡೂಕೆ ಹೇಳಿ ಎದ್ ಹೋದದ್ದಲ್ವೋ. ಸುಮಿ ಕಡೇ ರೈಡಿಗೆ ಹೊರಟ್ಳು, ನಂಗೆ ಎದಿ ಹೊಡ್ಕಂಡ್ತು. ಕೂರೂಕಾಗ್ಲಿಲ್ಲ, ಎದ್ ಹೊರಗ್ ಹೋದೆ. ವಾಪಸ್ ಬರೂದ್ರೊಳ್ಗೆ ಗೆದ್ದಾಗಿತ್ತು.”

ಅಯ್ಯೋ ದೇವರೇ! ಆ ರೈಡನ್ನು ಅಂಕೋಲೆಯ ಬಸ್‌ಸ್ಟ್ಯಾಂಡಿನಲ್ಲಿ ಕೈಕಾಲು ಆಡಿಸಿ ಊರಿಗೆಲ್ಲ ಬಣ್ಣಿಸಿದವನು ಅದನ್ನು ನೋಡಿಯೇ ಇರಲಿಲ್ಲ. ಗಡಿಬಿಡಿಯಲ್ಲಿ “ಅದಲ್ಲ ಮಾವ, ನೀ ಸಾಯ್ತೆ, ಅಷ್ಟೇಯ” ಎಂದುಬಿಟ್ಟೆ.

“ಅಷ್ಟೇಯಾ!” ಮಾವ ನಿರಾಳವಾಗಿ ಚಾ ಮುಗಿಸಿದ. ಆಮೇಲೆ ಲೋಟ ಕೆಳಗಿಟ್ಟು, “ಆದ್ರೆ ಇಂಟರ್ವೆಲ್ಲಿಗೆ ಸತ್ರೆ ಫೈನಲ್ ಮತ್ತೂ ತಪ್ತದಲ್ಲೋ. ಸಿನೆಮಾದಲ್ಲಾರೂ ನಾ ಅದ್ನ ನೋಡ್ಬೇಕು ತಮಾ. ನೋಡಿಯಾದ್ಮೇಲೆ ಬೇಕಾರೆ ಸಾಯ್ಸು” ಎಂದ. ಅವನ ಕಣ್ಣು ಒದ್ದೆಯಾಗಿತ್ತು. ನನಗೂ ಅಳು ಬಂತು.

“ಇಂಟರ್ವೆಲ್ಲಿಗೆ ಯಾರಾದ್ರೂ ಸಾಯ್ಲೇಬೇಕಲ್ಲ ಮಾವ?”

“ನೀನೇ ಸಾಯಿ ಮಾರಾಯಾ. ಆ ಆಟಕ್ಕೆ ನಿಂದೆಂತ ಉಪಯೋಗ ಇತ್ತು? ನೀ ಹುಡ್ಗೀರ ಚಪ್ಪಲ್ ಕಾಯ್ತಾ ಕೂತಿದ್ದೆ.”

ಒಪ್ಪಿಕೊಂಡು ‘ಬತ್ತೆ’ ಎಂದು ಎದ್ದೆ. ಕಾರವಾರಕ್ಕೆ ಬಂದವನೇ ಚಪ್ಪಲಿ ಕಾಯುವ ಸೋದರಳಿಯನನ್ನು ಮಳೆ, ಪಿಟೀಲು, ಸಮುದ್ರದ ತೆರೆ ಎಲ್ಲ ಹಾಕಿ ಪುಟಗಟ್ಟಲೆ ಕೊಂದೆ. ಬರೆಯುತ್ತ ಬಿಕ್ಕಿ ಬಿಕ್ಕಿ ಅತ್ತೆ. ಓದಿದ ನಿರ್ಮಾಪಕರು ಫೋನು ಮಾಡಿದರು. “ಅಪ್ಪ ಫೈನಲ್ ನೋಡೋದು ಚೆನ್ನಾಗಿದೆ, ಇರಲಿ. ಈ ಅಳಿಯ ಸಾಯೋದು ಮಾತ್ರ ತೆಗೆದುಬಿಡಿ. ಜನ ಇಂಟರ್ವೆಲ್ ಬಿಡೋಕೆ ಮೊದಲೇ ಚಾ ಕುಡಿಯೋಕೆ ಎದ್ದು ಹೋಗ್ತಾರೆ.”