ಮೂರು ಪಾಳಿಯ ವಿದೇಶಾಂಗ ಮಂತ್ರಿಗಳು

ಲಿಂಗಸುಗೂರಿನ ತಹಶೀಲ ಕಚೇರಿ ಎದುರು ಟೈಪಿಂಗ್ ಅಂಗಡಿ ಇಟ್ಟವನು ನಗು ಹುಡುಕಿಕೊಂಡು ಹೋಗಬೇಕಾಗಿಲ್ಲ. ಅದು ತಾನಾಗಿಯೇ ಅರ್ಜಿ ಹಿಡಿದು ಬಂದು ಬೆಂಚಿನ ಮೇಲೆ ಕೂರುತ್ತದೆ. ಅಂಥ ಹಲವು ನಗುಗಳಿಗೆ ನಾನು ಋಣಿ. ಅವುಗಳಲ್ಲಿ ಒಂದು ಮಾತ್ರ ದಿಲ್ಲಿಯ ವಿದೇಶಾಂಗ ಸಚಿವಾಲಯದವರೆಗೆ ಹೋಗಿ ಬಂತು. ಅದಕ್ಕೆ ಈಗ ಹತ್ತು ವರ್ಷದ ಮೇಲಾಯಿತು.

೧. ಮೊದಲು ಕ್ಷೇಮ

ಹಟ್ಟಿ ಚಿನ್ನದ ಗಣಿಯಲ್ಲಿ ದುಡಿದು ನಿವೃತ್ತನಾಗಿ ಮಸ್ಕಿಗೆ ಬಂದು ನೆಲೆಸಿದ್ದ ಒಬ್ಬ ಹಿರಿಯ, ಸೊಸೆಯನ್ನು ಕರೆದುಕೊಂಡು ಬಂದ. ಮಗ ಕೊಲ್ಲಿ ದೇಶದಲ್ಲಿ ಲಾರಿ ಡ್ರೈವರ್. ಕಂಪನಿ ಮುಚ್ಚಿ ಮಾಲೀಕ ಕಾಣೆಯಾಗಿದ್ದ. ಮಗನ ಪಾಸ್‌ಪೋರ್ಟು ಆ ಮಾಲೀಕನ ಕಪಾಟಿನಲ್ಲೇ ಉಳಿದಿತ್ತು. ಪಾಸ್‌ಪೋರ್ಟಿಲ್ಲದೆ ಊರಿಗೆ ಬರುವಂತಿಲ್ಲ. ಸೊಸೆಯ ತೊಡೆಯ ಮೇಲಿದ್ದ ಕೂಸನ್ನು ಅವನು ಇನ್ನೂ ನೋಡಿರಲಿಲ್ಲ.

ವಿದೇಶಾಂಗ ಮಂತ್ರಿಗಳಿಗೆ ಐದು ಸಾಲಿನ ಇಂಗ್ಲಿಷ್ ಪತ್ರ ಟೈಪು ಮಾಡಿ, ಕನ್ನಡದಲ್ಲಿ ಓದಿ ಹೇಳಿದೆ. ಹಿರಿಯನಿಗೆ ಸಮಾಧಾನವಾಗಲಿಲ್ಲ.

"ಇದೇನ್ರೀ ಮಾಸ್ತರ, ಹೊಸ್ತಲಾ ದಾಟೂದ ತಡ ಕೆಲಸದ ಮಾತು? ಮದ್ಲ ಆರಾಮ ಅದೀರೇನು ಅಂತ ಕೇಳ್ರಿ."

"ಅವರು ಕೇಂದ್ರ ಮಂತ್ರಿಗಳು, ಕಾಕಾ."

"ಮಂತ್ರಿ ಆದ್ರ ಮೈಯಾಗ ಆರಾಮ ಇರಬಾರದೇನು?"

ಬರೆದೆ.

"ಇಲ್ಲಿ ನಾವೂ ಆರಾಮ ಅದೀವಿ ಅಂತ ಬರೀರಿ."

ಸೊಸೆ ಸೆರಗು ಸರಿಮಾಡಿಕೊಂಡು ಮೆಲ್ಲಗೆ ಹೇಳಿದಳು: "ಮಾವಾರ, ನಾವು ಆರಾಮ ಅದೀವಿ ಅಂದ್ರ ಅವ್ರು ಯಾಕ ಗಡಿಬಿಡಿ ಮಾಡ್ತಾರ್ರೀ?"

ಹಿರಿಯ ತಲೆಯಾಡಿಸಿದ. "ಖರೆ ಐತಿ. ಹಂಗಾರ ಹಿಂಗ ಬರೀರಿ: ಮಗನದೊಂದು ಬಿಟ್ಟು ಉಳಿದಂಗ ಆರಾಮ."

ಅದನ್ನೂ ಇಂಗ್ಲಿಷಿಗೆ ತಂದೆ. ಮೂರು ವಾರಕ್ಕೆ ಉತ್ತರ ಬಂತು. ಕಡತದ ಸಂಖ್ಯೆ, ರಾಯಭಾರ ಕಚೇರಿಗೆ ತಿಳಿಸಿದ್ದೇವೆಂಬ ಮಾತು, ಕೆಳಗೆ ಮೊಹರು. ಮೊಹರಿನ ಪಕ್ಕದಲ್ಲಿ ಯಾರೋ ಪುಣ್ಯಾತ್ಮ ಅಧಿಕಾರಿ ನೀಲಿ ಪೆನ್ನಿನಲ್ಲಿ, ತನ್ನ ಕೈಯಾರೆ, ಒಂದು ಸಾಲು ಸೇರಿಸಿದ್ದ: "ಇಲ್ಲಿ ನಾವೂ ಕ್ಷೇಮ."

ಹಿರಿಯ ನನ್ನ ಕಡೆ ನೋಡಿದ. "ಕೇಳಿದ್ರ ಹೇಳ್ತಾರ್ರೀ. ನೀವು ಕೇಳೂದ ಇಲ್ಲ."

೨. ಪಾಳಿ ಮುಗಿಸಿದವನು ಹೇಳಿ ಹೋಗಬೇಕು

ಕೆಲವು ತಿಂಗಳಲ್ಲಿ ದಿಲ್ಲಿಯಲ್ಲಿ ಖಾತೆಗಳು ಬದಲಾದವು. ವಿದೇಶಾಂಗಕ್ಕೆ ಹೊಸ ಮಂತ್ರಿ ಬಂದರು. ಮರುದಿನ ನಾನು ಬಾಗಿಲು ತೆಗೆಯುವ ಮೊದಲೇ ಹಿರಿಯ ಕಟ್ಟೆಯ ಮೇಲಿದ್ದ.

"ಹೊಸಬರಿಗೊಂದು ಪತ್ರ ಹಾಕೋಣ," ಎಂದೆ.

"ಹೊಸಬರಿಗೆ ಆಮ್ಯಾಲೆ. ಮದ್ಲ ಹಳಬರಿಗೆ ಬರೀರಿ."

"ಅವರು ಹೋದರಲ್ಲ ಕಾಕಾ!"

ಆಗ ಆತ ಗಣಿಯ ಪದ್ಧತಿ ವಿವರಿಸಿದ. ಪಾಳಿ ಮುಗಿಸಿ ಮೇಲೆ ಬರುವವನು ಕೆಳಗಿಳಿಯುವವನಿಗೆ ಬಾಯಿಬಿಟ್ಟು ಹೇಳಬೇಕು: ಎಲ್ಲಿ ಕಲ್ಲು ಸಡಿಲಾಗಿದೆ, ಎಲ್ಲಿ ಮದ್ದು ಸಿಡಿಯದೆ ಉಳಿದಿದೆ. ಹೇಳದೆ ಮನೆಗೆ ಹೋದವನ ಜೊತೆ ಯಾರೂ ಒಂದು ವಾರ ಚಹಾ ಕುಡಿಯುತ್ತಿರಲಿಲ್ಲ.

"ದಿಲ್ಲಿಯಲ್ಲಿ ಕಡತ ಇರುತ್ತದೆ. ಹೊಸಬರು ಅದನ್ನು ನೋಡುತ್ತಾರೆ," ಎಂದೆ.

"ನಮ್ಮಲ್ಲೂ ರಜಿಸ್ಟರ್ ಇತ್ತು. ಕಲ್ಲು ಬೀಳೂ ಮುಂದ ಯಾವ ರಜಿಸ್ಟರ್ ಒದರತೈತಿ?"

ಆತ ಹೇಳಿದಂತೆಯೇ ಬರೆದೆ: 'ತಮ್ಮ ಪಾಳಿ ಮುಗಿಯಿತು. ತಾವು ದಣಿದಿದ್ದೀರಿ. ನಮ್ಮ ಹುಡುಗ ಇನ್ನೂ ಒಳಗೇ ಇದ್ದಾನೆ. ದಯಮಾಡಿ ಮುಂದಿನವರಿಗೆ ಒಂದು ಮಾತು ಹೇಳಿ ವಿಶ್ರಾಂತಿ ತೆಗೆದುಕೊಳ್ಳಿ.' ಕಳಿಸುವಾಗ ನನಗೆ ಸಂಕೋಚವೇ ಆಗಿತ್ತು.

ಮಾಜಿಯಾದವರಿಂದ ಉತ್ತರ ಬಂತು. 'ತಮ್ಮ ವಿಷಯವನ್ನು ಈಗಿನ ಮಂತ್ರಿಗಳಿಗೆ ಖುದ್ದಾಗಿ ತಿಳಿಸಿದ್ದೇನೆ.' ನಾನು ಕನ್ನಡಕ ಒರೆಸಿಕೊಂಡು ಎರಡು ಸಲ ಓದಿದೆ. ಅದೇ ತಿಂಗಳು ರಾಯಭಾರ ಕಚೇರಿಯವರು ಮಗನನ್ನು ಕರೆಸಿ ಹೇಳಿಕೆ ಬರೆದುಕೊಂಡರು.

ಹಿರಿಯ ಪತ್ರವನ್ನು ಮಡಿಸಿ ಅಂಗಿಯ ಒಳಜೇಬಿಗೆ ಇಟ್ಟುಕೊಂಡ. "ಚಲೋ ಮನಷ್ಯಾ. ಹಟ್ಟಿಯಾಗ ಇದ್ದಿದ್ರ ಫೋರ್ಮನ್ ಆಗ್ತಿದ್ದ."

೩. ನನ್ನ ತಪ್ಪು

ಎರಡನೆಯವರ ಪಾಳಿಯೂ ಮುಗಿದು ಮೂರನೆಯವರು ಬಂದರು. ಈ ಸಲ ಯಾರೂ ಹೇಳಬೇಕಾಗಿರಲಿಲ್ಲ. ಇಳಿದವರಿಗೊಂದು, ಏರಿದವರಿಗೊಂದು ಪತ್ರ ಸಿದ್ಧಮಾಡಿ, ಎರಡು ಲಕೋಟೆಗಳಲ್ಲಿ ಹಾಕಿ, ರಜಿಸ್ಟರ್ಡ್ ಮಾಡಿಸಿ ಬಂದೆ. ಬಂದು ಕುಳಿತು ಮೇಜು ನೋಡಿದರೆ, ಪ್ರತಿಗಳಲ್ಲಿ ಮೇಲಿನ ಹೆಸರು, ವಿಳಾಸಗಳೇ ಅದಲುಬದಲಾಗಿದ್ದವು. ಅಂದರೆ ಅಧಿಕಾರ ವಹಿಸಿಕೊಂಡು ಇನ್ನೂ ವಾರವಾಗದ ಹೊಸ ಮಂತ್ರಿಗಳಿಗೆ, 'ತಮ್ಮ ಪಾಳಿ ಮುಗಿಯಿತು, ಮುಂದಿನವರಿಗೆ ಹೇಳಿ ವಿಶ್ರಾಂತಿ ತೆಗೆದುಕೊಳ್ಳಿ' ಎಂಬ ಪತ್ರ ಹೊರಟಿತ್ತು. ಮನೆಗೆ ಹೋದವರಿಗೆ ಹಾರ್ದಿಕ ಅಭಿನಂದನೆ ಹೊರಟಿತ್ತು.

ಅಂಚೆ ಕಚೇರಿಗೆ ಓಡಿದೆ. ಚೀಲ ರಾಯಚೂರಿನ ಬಸ್ಸು ಹತ್ತಿಯಾಗಿತ್ತು. ಒಬ್ಬ ತಂದೆಯ ಎರಡು ವರ್ಷದ ಶ್ರಮವನ್ನು ನಾನೇ ಕೆಡಿಸಿದ್ದೆ. ಮಸ್ಕಿಗೆ ಹೋಗಿ ಹಿರಿಯನ ಮುಂದೆ ತಪ್ಪೊಪ್ಪಿಕೊಂಡೆ.

ಆತ ಚಹಾದ ಬಸಿ ಕೆಳಗಿಟ್ಟ. "ಇರಲಿ ಬಿಡ್ರೀ ಮಾಸ್ತರ. ಇಳಿದವ್ರಿಗೆ ಶಹಬ್ಬಾಸ್ ಅನ್ನಾವ್ರು ಯಾರದಾರ? ಖುಷಿ ಪಡ್ತಾರ."

"ಹೊಸಬರು?"

"ಅವ್ರಿಗೆ ತಮ್ಮದೂ ಮುಗಿತೈತಿ ಅಂತ ಮದಲ್ನೇ ದಿನಾನ ಗೊತ್ತಾತು. ಕೆಲಸ ಲಗೂ ಮಾಡ್ತಾರ."

ನಿಜವಾಗಿಯೂ ಲಗೂ ಆಯಿತು. ಕಾರಣ ನನ್ನ ಪತ್ರವೆಂದು ಹೇಳಿಕೊಳ್ಳುವ ಧೈರ್ಯ ನನಗಿಲ್ಲ.

೪. ಸನ್ಮಾನ

ಪಾಸ್‌ಪೋರ್ಟಿನ ಬದಲು ಊರಿಗೆ ಹೋಗಲು ಮಾತ್ರ ನಡೆಯುವ ಒಂದು ಬಿಳಿ ಕಾಗದವನ್ನು ರಾಯಭಾರ ಕಚೇರಿ ಕೊಟ್ಟಿತು. ಮಗ ಹೈದರಾಬಾದಿನಲ್ಲಿ ವಿಮಾನ ಇಳಿದು, ಸಿಂಧನೂರಿಗೆ ಬಸ್ಸಿನಲ್ಲಿ ಬಂದು, ಅಲ್ಲಿಂದ ಮಸ್ಕಿ ಸೇರಿದ. ಅಷ್ಟರಲ್ಲಿ ಓಡಾಡಲು ಕಲಿತಿದ್ದ ಮಗಳು ಅಪ್ಪನನ್ನು ನೋಡಿ ಅಜ್ಜನ ಧೋತರದ ಹಿಂದೆ ಅಡಗಿದಳು.

ದಿಲ್ಲಿಗೆ ಹೋಗಿ ಮಂತ್ರಿಗೆ ಶಾಲು ಹೊದಿಸಿ ಬರುತ್ತೇನೆಂದು ಹಿರಿಯ ಹಠ ಹಿಡಿದ. "ಯಾವ ಮಂತ್ರಿಗ್ರೀ ಮಾವಾರ? ಮೂರು ಮಂದಿ ಅದಾರ," ಎಂದಳು ಸೊಸೆ. "ಅವರೆಲ್ಲಾರ ಕಾಗದಾನೂ ತಂದಾವ್ರು ನಮ್ಮ ಪೋಸ್ಟಿನ ಅಣ್ಣಾರು. ಅವ್ರಿಗೇ ಹೊದಸ್ರಿ."

ಭಾನುವಾರ ಓಣಿಯವರೆಲ್ಲ ಸೇರಿದರು. ಪೋಸ್ಟ್‌ಮನ್‌ಗೆ ರುಮಾಲು ಸುತ್ತಿ, ಶಾಲು ಹೊದಿಸಿ, ಕೈಗೆ ಹಣ್ಣು ಕಾಯಿ ಕೊಟ್ಟರು. ಆತನೂ ಹಿಂಜರಿಯಲಿಲ್ಲ. "ನಾನೂ ಕೇಂದ್ರ ಸರಕಾರ, ಅವರೂ ಕೇಂದ್ರ ಸರಕಾರ. ವಿದೇಶಾಂಗ ಸಚಿವಾಲಯದ ಪರವಾಗಿ ಈ ಸನ್ಮಾನ ಸ್ವೀಕಾರ ಮಾಡೀನಿ," ಎಂದ. ಎಲ್ಲರೂ ಚಪ್ಪಾಳೆ ತಟ್ಟಿದರು. ಊಟಕ್ಕೆ ಎಲೆ ಹಾಕಿದರು.

ಎಲೆಯ ಮುಂದೆ ಕೂತ ಮೇಲೆ ಆತ ಚೀಲದಿಂದ ಒಂದು ಲಕೋಟೆ ತೆಗೆದ. "ನಿನ್ನೆ ಬಂದೈತ್ರಿ. ಸನ್ಮಾನದ ನಡುವ ಬ್ಯಾಡಂತ ಹಿಡಕೊಂಡಿದ್ದೆ."

ಲಕೋಟೆಯ ಮೇಲಿದ್ದದ್ದು ಹಟ್ಟಿಯ ವಿಳಾಸ. ಹಿರಿಯ ತಲೆ ಕೆರೆದುಕೊಂಡ. ಕಳೆದ ವರ್ಷ ಎಂಟು ದಿನ ಮಗನ ಫೋನು ಹತ್ತದೆ ಇದ್ದಾಗ, ನನ್ನ ಅಂಗಡಿಯೂ ಮುಚ್ಚಿತ್ತು. ಆತ ಗಾಬರಿಯಲ್ಲಿ ಹಟ್ಟಿಗೆ ಓಡಿ, ಹಳೆಯ ಗೆಳೆಯನಿಂದ 'ಮಗ ಕಾಣೆಯಾಗಿದ್ದಾನೆ' ಎಂದು ದಿಲ್ಲಿಗೆ ಒಂದು ಪತ್ರ ಬರೆಸಿ, ಮೂವತ್ತು ವರ್ಷದ ಅಭ್ಯಾಸದಂತೆ ತಾನು ಎಂದೋ ಬಿಟ್ಟುಕೊಟ್ಟ ಕ್ವಾರ್ಟರ್ಸಿನ ನಂಬರು ಹೇಳಿದ್ದನಂತೆ. ಉತ್ತರ ಅಲ್ಲಿಗೆ ಹೋಗಿ, ಬೀಗ ಹಾಕಿದ ಬಾಗಿಲಿನ ಸಂದಿಯಲ್ಲಿ ತಿಂಗಳುಗಟ್ಟಲೆ ಬಿದ್ದಿದ್ದು, ಯಾರದೋ ಕೈಯಿಂದ ಈಗ ಮಸ್ಕಿಗೆ ಬಂದಿತ್ತು.

ಒಡೆದು ಎಲ್ಲರಿಗೂ ಕೇಳುವಂತೆ ಓದಿದೆ: "ಕಾಣೆಯಾಗಿರುವ ತಮ್ಮ ಮಗನ ಶೋಧ ತೀವ್ರವಾಗಿ ನಡೆದಿದೆ. ಪತ್ತೆಯಾದ ಕೂಡಲೇ ತಿಳಿಸಲಾಗುವುದು."

ಪಂಕ್ತಿಯಲ್ಲಿದ್ದವರೆಲ್ಲ ಒಟ್ಟಿಗೆ ಮಗನ ಕಡೆ ತಿರುಗಿದರು. ಅವನ ಬಾಯಲ್ಲಿ ಎರಡನೆಯ ಹೋಳಿಗೆ ಇತ್ತು. ಅಜ್ಜನ ಹಿಂದೆ ಅಡಗಿದ್ದ ಮಗಳು ಅಷ್ಟರಲ್ಲಿ ಅವನ ತೊಡೆ ಏರಿ, ಅವನ ಎಲೆಯ ತುಪ್ಪದಲ್ಲಿ ಬೆರಳು ಅದ್ದುತ್ತಿದ್ದಳು. ನಗು ಪಂಕ್ತಿಯ ಆ ತುದಿಯಿಂದ ಈ ತುದಿಗೆ ಓಡಿತು. ಹಿರಿಯ ಮಾತ್ರ ನಗಲಿಲ್ಲ. ಕಣ್ಣು ತುಂಬಿಕೊಂಡು ನನ್ನ ಕಡೆ ವಾಲಿದ.

"ಮಾಸ್ತರ, ಊಟ ಆದಕೂಡಲೇ ಬರೀರಿ. ಪಾಪ, ಅವ್ರು ಇನ್ನೂ ಹುಡುಕಾಕತ್ತಾರ. ಹುಡುಗ ಸಿಕ್ಕಾನ, ಇಲ್ಲೇ ಮನ್ಯಾಗ ಊಟಕ್ಕ ಕುಂತಾನ. ನೀವೂ ಹುಡುಕೂದು ಸಾಕು ಮಾಡಿ ಕೈ ತೊಳಕೊಂಡು ಊಟ ಮಾಡ್ರಿ ಅಂತ ಬರೀರಿ."