ಈರಣ್ಣನ ಆಶೀರ್ವಾದದ ದೃಶ್ಯಕ್ಕೆ ನನ್ನ ತಕರಾರು

ತಾಯಿ ಹರಸಿ ಕಳಿಸಿದ್ದಕ್ಕೇ ಈರಣ್ಣ ಸಿನಿಮಾದವನಾದ ಎಂದು ವಡಗಾವಿಯಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ನನಗೆ ಇದರ ಮೇಲೆ ತಕರಾರಿದೆ. ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ನಾಲ್ಕು ಢಾಲು ಗೆದ್ದವನು ನಾನು. ಪುರಾವೆ ಕೇಳದೆ ನನಗೆ ಚಹಾ ಕೂಡ ಗಂಟಲಿಗಿಳಿಯುವುದಿಲ್ಲ. ಕೇಳಿದರೆ ಜನ, ಸಿನಿಮಾದಾಗ ನೋಡಿಲ್ಲೇನು ಎನ್ನುತ್ತಾರೆ. ಕಷ್ಟವೆಂದರೆ, ಆ ದೃಶ್ಯಕ್ಕೆ ಕ್ಯಾಮರಾದ ಗುಂಡಿ ಒತ್ತಿದವನೇ ನಾನು.

ಈರಣ್ಣ ನಮ್ಮ ದೊಡ್ಡಪ್ಪನ ಮಗ. ದೊಡ್ಡಪ್ಪ ತೀರಿಕೊಂಡ ಮೇಲೆ ಮನೆಯ ಎರಡು ಮಗ್ಗ ಅವನ ಪಾಲಿಗೆ ಬಂದವು. ಮನಸ್ಸು ಮಾತ್ರ ಪುಣೆಯಿಂದ ತಂದ ಹಳೆಯ ಕ್ಯಾಮರಾದಲ್ಲಿತ್ತು. ಕಥೆ, ನಿರ್ದೇಶನ, ನಾಯಕನ ಪಾತ್ರ, ಚಿತ್ರೀಕರಣ ಎಲ್ಲ ಅವನದೇ. ಗಡಿಯಾರಕ್ಕೆ ಕೊಟ್ಟಂತೆ ಕ್ಯಾಮರಾಕ್ಕೆ ಕೀಲಿ ಕೊಟ್ಟು, ಓಡಿಹೋಗಿ ಅದರ ಮುಂದೆ ನಿಂತು ನಟಿಸುತ್ತಿದ್ದ. ಹೀಗಾಗಿ ಇಡೀ ಸಿನಿಮಾದಲ್ಲಿ ನಾಯಕ ಏದುಸಿರು ಬಿಡುತ್ತಾನೆ, ಹುಡುಗಿಯನ್ನು ಒಲಿಸಿಕೊಳ್ಳುವಾಗಲೂ. ಧಾರವಾಡದ ವಿಮರ್ಶಕರೊಬ್ಬರು ಅದನ್ನು ಯುಗದ ತಳಮಳ ಎಂದು ಬರೆದರು. ಈರಣ್ಣ ಅಲ್ಲಗಳೆಯಲಿಲ್ಲ.

ಕೊನೆಯ ದೃಶ್ಯ ಖಾನಾಪುರ ಸ್ಟೇಷನ್ನಿನಲ್ಲಿ. ತಾಯಿ ಮಗನನ್ನು ಮುಂಬಯಿಗೆ ಹೋಗೆನ್ನಬೇಕು. ನಿನ್ನ ಬಿಟ್ಟು ಹೋಗಲಾರೆ ಎಂದು ಅವನು ತಲೆ ಅಲ್ಲಾಡಿಸಬೇಕು. ಆಮೇಲೆ ಕಾಲಿಗೆ ಬಿದ್ದು ರೈಲು ಹತ್ತಬೇಕು. ಉಳಿದದ್ದು ಒಂದೇ ತುಂಡು ಫಿಲ್ಮು, ರೈಲು ನಿಲ್ಲುವುದು ಎರಡು ನಿಮಿಷ. ಓಡುವಷ್ಟು ಹೊತ್ತಿಲ್ಲವೆಂದು ಮೊದಲ ಸಲ ಕ್ಯಾಮರಾ ನನ್ನ ಕೈಗೆ ಬಂತು. ತಾಯಿಯ ಪಾತ್ರಕ್ಕೆ ಅವನ ಹೆತ್ತ ತಾಯಿ, ನಮ್ಮ ದೊಡ್ಡವ್ವನೇ. ದನಿಯನ್ನು ಆಮೇಲೆ ಸ್ಟುಡಿಯೊದಲ್ಲಿ ಸೇರಿಸುವುದರಿಂದ ಈರಣ್ಣ ಅವಳಿಗೆ, ಏನರೆ ಮಾತಾಡವ್ವಾ, ತುಟಿ ಅಲ್ಲಾಡಿದ್ರ ಸಾಕು ಎಂದಿದ್ದ. ಆ ಮಾತನ್ನು ದೊಡ್ಡವ್ವ ಖರೆಯೆಂದೇ ಹಿಡಿದಳು. ಕ್ಯಾಮರಾ ಓಡತೊಡಗಿದ್ದೇ ತಡ, ಅಂದಳು:

"ಮಗ್ಗದಾಗ ಈಗ ಜ್ಯಾಡ ಬಲಿ ನೇಯಾಕತ್ತೈತಿ, ಈರಣ್ಣಾ. ಈ ಡಬ್ಬಿ ಇವತ್ತಿಗೆ ಸಾಕು ಮಾಡು. ಮನಿಗೆ ನಡಿ."

ಅವಳ ಕಣ್ಣಲ್ಲಿ ನೀರು. ಈರಣ್ಣ ತಲೆ ಅಲ್ಲಾಡಿಸಿದ. ಕಾಲಿಗೆ ಬಿದ್ದ. ಕಾಲಿಗೆ ಬಿದ್ದ ಮಗನ ತಲೆಯ ಮೇಲೆ ಕೈ ಇಡದೆ ನಮ್ಮ ಕಡೆಯ ಯಾವ ತಾಯಿಗೆ ಇರಲಾದೀತು? ಕೈ ತಾನೇ ಹೋಯಿತು. ಅವನು ಎದ್ದು ರೈಲು ಹತ್ತಿದ. ನಾಲ್ಕು ಢಾಲಿನ ವೀರನಾದ ನಾನು, ಇದ್ದೊಂದು ತುಂಡು ಫಿಲ್ಮು ಹಾಳಾದೀತೆಂದು ಗುಂಡಿ ಒತ್ತಿಯೇ ನಿಂತೆ.

ತಿಂಗಳ ಮೇಲೆ ಸ್ಟುಡಿಯೊದಲ್ಲಿ ದೊಡ್ಡವ್ವ ತಾನೇ ಆ ತುಟಿಗಳಿಗೆ, ಹೋಗಿ ಬಾ ನನ್ನಪ್ಪಾ ಎಂದು ದನಿ ಕೊಟ್ಟಳು. ಮನೆಗೆ ಬಾ ಎಂದು ಮತ್ತೆ ಕರೆಯಲಿಲ್ಲ. ಮಗ್ಗಗಳು ಶಹಾಪುರದವರ ಪಾಲಾದವು. ಈಗ ಅವಳೂ, ನಾನಽ ಹರಸಿ ಕಳಿಸೀನಿ ಎನ್ನುತ್ತಾಳೆ; ಸಾಕ್ಷಿ ನಾನಿದ್ದೇನೆ ಎಂದರೆ, ನೀ ಒಂದ ಕಣ್ಣು ಮುಚ್ಚಿಕೊಂಡು ನಿಂತಿದ್ದಿ ಎಂದು ನನ್ನನ್ನೇ ಸುಳ್ಳನನ್ನಾಗಿ ಮಾಡುತ್ತಾಳೆ. ಅದೂ ಖರೆಯೇ. ಈಚೆಗೆ ನನಗೂ ಆ ದಿನ ನೆನೆದರೆ ಕಿವಿಯಲ್ಲಿ ಸ್ಟುಡಿಯೊದ ಮಾತೇ ಕೇಳತೊಡಗಿದೆ. ಅದು ಪೂರ್ತಿ ಗಟ್ಟಿಯಾಗುವ ಮೊದಲು, ಹೋದ ವಾರ ಊಟಕ್ಕೆ ಬಂದ ಈರಣ್ಣನನ್ನು ಕೇಳಿಯೇಬಿಟ್ಟೆ:

"ಅಣ್ಣಾ, ಅವತ್ತ ನೀ ತಲಿ ಅಲ್ಲಾಡಿಸಿದ್ದು ಹೋಗು ಅಂದ ಕಥಿಯೊಳಗಿನ ಅವ್ವಗೋ, ಮನಿಗೆ ನಡಿ ಅಂದ ಈ ಅವ್ವಗೋ?"